ಸಿಮೋನ್ ಸಿನ್ಯೋರೆ ಮತ್ತು ಆಕೆ ಬಿಟ್ಟುಬಂದ ಹೆಸರು

ಚಿತ್ರನಟಿಯರನ್ನು ನಾವು ಸಾಮಾನ್ಯವಾಗಿ ಅವರ ಯೌವನದಲ್ಲಿ ಕಂಡು ಮೆಚ್ಚುತ್ತೇವೆ. ವಯಸ್ಸಾದ ಮೇಲೆ ಅವರದೊಂದು ಭಾವಚಿತ್ರ ಎಲ್ಲಾದರೂ ಕಣ್ಣಿಗೆ ಬಿದ್ದರೆ ನಿಟ್ಟುಸಿರು ಬಿಡುತ್ತೇವೆ. ಫ್ರಾನ್ಸಿನ ಅಭಿನೇತ್ರಿ ಸಿಮೋನ್ ಸಿನ್ಯೋರೆಯ ವಿಷಯದಲ್ಲಿ ನನಗೆ ಈ ಕ್ರಮ ತಿರುಗುಮುರುಗಾಯಿತು. ನಾನು ಆಕೆಯನ್ನು ಮೊದಲು ಕಂಡದ್ದು ‘ಮದಾಮ್ ರೋಸಾ’ ಎಂಬ ಚಿತ್ರದಲ್ಲಿ. ಒಂದು ಫಿಲ್ಮ್ ಸೊಸೈಟಿಯ ಪ್ರದರ್ಶನವದು. ಕಬ್ಬಿಣದ ಕುರ್ಚಿಗಳು, ಗೋಡೆಗೆ ಕಟ್ಟಿದ ಬಿಳಿಯ ಬಟ್ಟೆ, ರೀಲು ಬದಲಾಯಿಸುವಾಗಲೆಲ್ಲ ಹೊತ್ತಿಕೊಳ್ಳುವ ಒಂಟಿ ದೀಪ. ತೆರೆಯ ಮೇಲೆ ಸ್ಥೂಲದೇಹದ ಮುದುಕಿಯೊಬ್ಬಳು ಲಿಫ್ಟಿಲ್ಲದ ಮನೆಯ ಆರನೆಯ ಅಂತಸ್ತಿಗೆ ಏದುಸಿರು ಬಿಡುತ್ತ ಮೆಟ್ಟಿಲೇರುತ್ತಿದ್ದಳು. ಊದಿದ ಕೆನ್ನೆ, ಕಣ್ಣಿನ ಕೆಳಗೆ ಜೋತ ಚರ್ಮ, ನಡಿಗೆಯಲ್ಲಿ ಭಾರ. ಪಕ್ಕದಲ್ಲಿ ಕುಳಿತಿದ್ದ ಹಿರಿಯ ಸ್ನೇಹಿತರು, ‘ಒಂದು ಕಾಲಕ್ಕೆ ಈಕೆ ಫ್ರಾನ್ಸಿನ ಚೆಲುವೆಯರಲ್ಲಿ ಒಬ್ಬಳು’ ಎಂದು ಪಿಸುಗುಟ್ಟಿದರು. ನಾನು ನಂಬಲಿಲ್ಲ.

ಕೆಲವು ತಿಂಗಳಾದ ಮೇಲೆ ಅದೇ ಸಭಾಂಗಣದಲ್ಲಿ ‘ಕಾಸ್ಕ್ ದೋರ್’ ಎಂಬ ಹಳೆಯ ಚಿತ್ರವನ್ನು ತೋರಿಸಿದರು. ‘ಚಿನ್ನದ ಶಿರಸ್ತ್ರಾಣ’ ಎಂದು ಅದರ ಅರ್ಥ. ನಾಯಕಿಯ ಹೊಂಬಣ್ಣದ ಕೂದಲು ತಲೆಯ ಮೇಲೆ ಶಿರಸ್ತ್ರಾಣದಂತೆ ಸುತ್ತಿಕೊಂಡಿದೆ. ಅದೇ ಆಕೆಯ ಅಡ್ಡಹೆಸರೂ ಹೌದು. ನದಿಯ ದಂಡೆಯ ಹೆಂಡದಂಗಡಿಯಲ್ಲಿ ವಾದ್ಯ ನುಡಿಯುತ್ತಿರುವಾಗ ಆಕೆ ಒಬ್ಬನೊಡನೆ ಕುಣಿಯುತ್ತಾಳೆ. ಸುತ್ತು ತಿರುಗಿದಾಗಲೆಲ್ಲ ಅವನ ಹೆಗಲ ಮೇಲಿಂದ ಆಕೆಯ ಕಣ್ಣು ಮಾತ್ರ ಮೂಲೆಯಲ್ಲಿ ಕುಳಿತ ಬಡಗಿಯೊಬ್ಬನ ಮೇಲೆ ನೆಟ್ಟಿರುತ್ತದೆ. ಒಂದು ಮಾತಿಲ್ಲ. ಆ ನೋಟ ಮುಗಿಯುವಷ್ಟರಲ್ಲಿ ಮೂವರ ಹಣೆಬರಹವೂ ತೀರ್ಮಾನವಾಗಿರುತ್ತದೆ. ದೀಪ ಹತ್ತಿದಾಗ ನಾನು ಸ್ನೇಹಿತರ ಕ್ಷಮೆ ಕೇಳಬೇಕಾಯಿತು.

ಈ ಎರಡು ಚಿತ್ರಗಳ ನಡುವಿನ ಅಂತರ 25 ವರ್ಷ. ಸ್ವಾರಸ್ಯವೆಂದರೆ ಎರಡೂ ಕಥೆಗಳಿಗೆ ನೆಲೆ ಒಂದೇ: ಪ್ಯಾರಿಸ್ ನಗರದ ಈಶಾನ್ಯಕ್ಕಿರುವ ಬೆಲ್‌ವಿಲ್ ಎಂಬ ಗುಡ್ಡ. ಹತ್ತೊಂಬತ್ತನೆಯ ಶತಮಾನದಿಂದಲೂ ಅದು ಕೂಲಿಕಾರರ, ಕೈಕಸುಬಿನವರ, ಪುಂಡರ ಬಡಾವಣೆ. ಆಮೇಲೆ ಪೋಲೆಂಡ್, ರಷ್ಯಗಳಿಂದ ಓಡಿಬಂದ ಯಹೂದಿಗಳು ಅಲ್ಲಿ ನೆಲೆನಿಂತರು, ಅವರ ಬೆನ್ನಿಗೆ ಉತ್ತರ ಆಫ್ರಿಕದ ಅರಬರು ಬಂದರು. ಸಿಮೋನ್ ಸಿನ್ಯೋರೆ ಅಲ್ಲಿ ಹುಟ್ಟಿದವಳೂ ಅಲ್ಲ, ಬೆಳೆದವಳೂ ಅಲ್ಲ. ಆದರೂ ಆಕೆಯ ಬಾಳನ್ನು ಓದುತ್ತ ಹೋದಂತೆ, ಆ ಗುಡ್ಡದ ಕಡೆಗೆ ಆಕೆಯನ್ನು ಏನೋ ಒಂದು ಎಳೆಯುತ್ತಿತ್ತೆಂದು ನನಗೆ ಅನ್ನಿಸಿದೆ. ಅದೇನೆಂದು ಹೇಳಲು ಆಕೆಯ ಹೆಸರಿನಿಂದಲೇ ಪ್ರಾರಂಭಿಸಬೇಕು.

ಆಕೆ ಹುಟ್ಟಿದ್ದು 1921ರ ಮಾರ್ಚ್ 25ರಂದು, ಜರ್ಮನಿಯ ವೀಸ್‌ಬಾಡೆನ್ ಪಟ್ಟಣದಲ್ಲಿ. ಮೊದಲನೆಯ ಮಹಾಯುದ್ಧ ಮುಗಿದು, ರೈನ್ ನದಿಯ ಪ್ರಾಂತದಲ್ಲಿ ಫ್ರೆಂಚ್ ಸೈನ್ಯ ಬೀಡುಬಿಟ್ಟಿದ್ದ ಕಾಲ. ತಂದೆ ಆಂದ್ರೆ ಕಾಮಿಂಕೆರ್ ಆ ಸೈನ್ಯದಲ್ಲಿದ್ದರು. ಅವರ ಮನೆತನ ಮೂಲತಃ ಪೋಲೆಂಡಿನ ಯಹೂದಿಗಳದು. ತಾಯಿ ಜಾರ್ಜೆತ್ ಸಿನ್ಯೋರೆ ಕ್ಯಾಥೊಲಿಕ್ ಮನೆತನದ ಫ್ರೆಂಚ್ ಹೆಂಗಸು. ಹುಟ್ಟಿದ ಮಗುವಿನ ಹೆಸರು ಸಿಮೋನ್ ಕಾಮಿಂಕೆರ್. ಪ್ಯಾರಿಸ್ಸಿನ ಪಶ್ಚಿಮ ಅಂಚಿನ ನ್ಯೂಯಿ ಎಂಬ ಸ್ಥಿತಿವಂತರ ಉಪನಗರದಲ್ಲಿ, ಇಬ್ಬರು ತಮ್ಮಂದಿರೊಡನೆ ಆಕೆ ಬೆಳೆದಳು.

ತಂದೆಯದು ಅಪರೂಪದ ವೃತ್ತಿ. ಆತ ದುಭಾಷಿ, ಒಬ್ಬ ಮಾತನಾಡುತ್ತಿರುವಾಗಲೇ ಅದನ್ನು ಇನ್ನೊಂದು ಭಾಷೆಯಲ್ಲಿ ಹೇಳುತ್ತ ಹೋಗುವ ಕಲೆಯ ಮೊದಲ ಪರಿಣತರಲ್ಲಿ ಒಬ್ಬ. 1934ರಲ್ಲಿ ನ್ಯೂರೆಂಬರ್ಗಿನಲ್ಲಿ ಹಿಟ್ಲರ್ ಮಾಡಿದ ಭಾಷಣವನ್ನು ಫ್ರೆಂಚ್ ಬಾನುಲಿಗಾಗಿ ಕೂಡಲೇ ಅನುವಾದಿಸಿ ನುಡಿದವರು ಈ ಕಾಮಿಂಕೆರ್. ಬಾನುಲಿಯ ಮುಂದೆ ಕುಳಿತಿರುವ ನಿಮಗೆ ಇದರ ವಿಪರ್ಯಾಸವನ್ನು ನಾನು ಬಿಡಿಸಿ ಹೇಳಬೇಕಾಗಿಲ್ಲ. ಯಹೂದಿಗಳನ್ನು ನಿರ್ನಾಮ ಮಾಡಲು ಹೊರಟವನ ಮಾತು ಫ್ರಾನ್ಸಿನ ಮನೆಮನೆಯಲ್ಲಿ ಕೇಳಿಸಿದ್ದು ಒಬ್ಬ ಯಹೂದಿಯ ಧ್ವನಿಯಲ್ಲಿ.

1940ರಲ್ಲಿ ಫ್ರಾನ್ಸ್ ಸೋತಿತು. ತಂದೆ ಲಂಡನ್ನಿಗೆ ಹೋಗಿ ಜನರಲ್ ದ ಗೋಲರ ಪಕ್ಷವನ್ನು ಸೇರಿಕೊಂಡರು. ತಾಯಿ ಮಕ್ಕಳೊಂದಿಗೆ ಕೆಲಕಾಲ ಬ್ರಿಟನಿ ಪ್ರಾಂತದ ವಾನ್ ಎಂಬ ಊರಿನಲ್ಲಿದ್ದಳು. ಅಲ್ಲಿಯ ಶಾಲೆಯಲ್ಲಿ ಸಿಮೋನಳಿಗೆ ಇತಿಹಾಸ ಕಲಿಸಿದ ತರುಣ ಉಪಾಧ್ಯಾಯಿನಿಯ ಹೆಸರು ಲೂಸಿ. ಮುಂದೆ ಇದೇ ಲೂಸಿ, ಪ್ರತಿರೋಧ ಚಳವಳಿಯಲ್ಲಿ ‘ಓಬ್ರಾಕ್’ ಎಂಬ ಗುಪ್ತನಾಮ ಧರಿಸಿ, ಜರ್ಮನರ ಸೆರೆಯಿಂದ ತನ್ನ ಗಂಡನನ್ನು ಬಿಡಿಸಿಕೊಂಡು ಬಂದ ವೀರವನಿತೆ ಎಂದು ಪ್ರಖ್ಯಾತಳಾದಳು. ಯುದ್ಧ ಮುಗಿದ ಮೇಲೂ ಆ ಗುಪ್ತನಾಮವೇ ಅವರ ಮನೆಯ ಹೆಸರಾಗಿ ಉಳಿಯಿತು. ಈ ಕಥೆಯಲ್ಲಿ ಹೆಸರು ಬದಲಾಯಿಸಿಕೊಂಡವರು ಇನ್ನೂ ಕೆಲವರು ಬರುತ್ತಾರೆ. ಇವಳನ್ನು ಸ್ವಲ್ಪ ನೆನಪಿನಲ್ಲಿಡಿ.

ಪ್ಯಾರಿಸ್ಸಿಗೆ ಮರಳಿದಾಗ ಮನೆಯಲ್ಲಿ ದುಡಿಯುವವರಿಲ್ಲ. ಹತ್ತೊಂಬತ್ತರ ಹುಡುಗಿ ಒಂದು ಪತ್ರಿಕೆಯಲ್ಲಿ ಕಾರ್ಯದರ್ಶಿಯ ಕೆಲಸ ಹಿಡಿದಳು. ಪತ್ರಿಕೆ ‘ಲೆ ನೂವೋ ತಾಂ’. ಸಂಪಾದಕ ಜಾಂ ಲ್ಯುಶೇರ್, ಆಕೆಯ ಶಾಲೆಯ ಗೆಳತಿಯ ತಂದೆ. ಈತ ಜರ್ಮನರೊಡನೆ ಕೈಜೋಡಿಸಿದವನು; ಯುದ್ಧಾನಂತರ ದೇಶದ್ರೋಹಕ್ಕಾಗಿ 1946ರಲ್ಲಿ ಮರಣದಂಡನೆಗೆ ಗುರಿಯಾದವನು. ಅರ್ಧ ಯಹೂದಿಯಾದ ಹುಡುಗಿ ಅವನ ಕಛೇರಿಯಲ್ಲಿ ಕೆಲವು ತಿಂಗಳು ಕುಳಿತು ದೂರವಾಣಿ ಎತ್ತಿಕೊಂಡಳು. ಇದನ್ನು ಆಕೆ ಬಚ್ಚಿಡಬಹುದಾಗಿತ್ತು. ಬಚ್ಚಿಡಲಿಲ್ಲ, ಮೂವತ್ತೈದು ವರ್ಷಗಳ ತರುವಾಯ ತಾನೇ ಬರೆದ ಆತ್ಮಕಥೆಯಲ್ಲಿ ಇದಕ್ಕೆ ಧಾರಾಳವಾಗಿ ಜಾಗ ಕೊಟ್ಟಳು. ಯುದ್ಧ ಮುಗಿದ ಫ್ರಾನ್ಸಿನಲ್ಲಿ ಕಂಡಕಂಡವರೆಲ್ಲ ತಾವು ಪ್ರತಿರೋಧದ ವೀರರೆಂದು ಹೇಳಿಕೊಳ್ಳುತ್ತಿದ್ದರೆಂಬುದನ್ನು ನೆನೆದರೆ ಈ ಪ್ರಾಮಾಣಿಕತೆಯ ಬೆಲೆ ಗೊತ್ತಾಗುತ್ತದೆ.

1941ರ ವಸಂತದಲ್ಲಿ ಆಕೆ ಆ ನೌಕರಿಯನ್ನು ಬಿಟ್ಟಳು. ಸೇನ್ ನದಿಯ ಎಡದಂಡೆಯ ಮೇಲೆ ‘ಕಫೆ ದ ಫ್ಲೋರ್’ ಎಂಬ ಕಾಫಿಗೃಹ. ಬಡ ಕವಿಗಳು, ಕೆಲಸವಿಲ್ಲದ ನಟರು, ಚಿತ್ರಕಾರರು, ದೇಶಬಿಟ್ಟು ಬಂದವರು ಸೇರುತ್ತಿದ್ದ ಜಾಗ. ತಾನು ನಿಜವಾಗಿ ಹುಟ್ಟಿದ್ದು ಅಲ್ಲಿಯ ಬೆಂಚಿನ ಮೇಲೆ ಎಂಬರ್ಥದ ಮಾತನ್ನು ಆಕೆ ಹೇಳಿಕೊಂಡಿದ್ದಾಳೆ. ಅಲ್ಲಿಂದ ಸಿನಿಮಾದ ಕಡೆಗೆ ಹೆಜ್ಜೆ. ಆದರೆ ಕಾಮಿಂಕೆರ್ ಎಂಬ ಹೆಸರಿನವಳಿಗೆ ನಟಿಯ ಅಧಿಕೃತ ಪರವಾನಗಿ ದೊರೆಯುವಂತಿರಲಿಲ್ಲ. ಹೀಗಾಗಿ ಗುಂಪಿನಲ್ಲಿ ನಿಲ್ಲುವ ಎಕ್ಸ್‌ಟ್ರಾ ಆದಳು. ಮಾರ್ಸೆಲ್ ಕಾರ್ನೆಯ 1942ರ ‘ಲೆ ವಿಜಿತರ್ ದ್ಯು ಸ್ವಾರ್’ ಚಿತ್ರದ ಕೋಟೆಯ ದೃಶ್ಯಗಳಲ್ಲಿ ಹುಡುಕಿದರೆ ಆಕೆ ಸಿಕ್ಕುತ್ತಾಳೆ. ಆ ದಿನಗಳಲ್ಲಿಯೇ ತಂದೆಯ ಹೆಸರನ್ನು ಬಿಟ್ಟು ತಾಯಿಯ ಹೆಸರನ್ನು ತೊಟ್ಟುಕೊಂಡದ್ದು. ಸಿಮೋನ್ ಸಿನ್ಯೋರೆ ಎಂಬ ಹೆಸರು ಬೆಳ್ಳಿತೆರೆಯ ಬೆಡಗಿಗಾಗಿ ಹುಡುಕಿದ್ದಲ್ಲ, ತಲೆ ಉಳಿಸಿಕೊಳ್ಳಲು ಹೊದ್ದುಕೊಂಡದ್ದು.

ಯುದ್ಧ ಮುಗಿದ ಮೇಲೆ ಅವಕಾಶಗಳು ಬಂದವು. ಹೆಚ್ಚಿನವು ವೇಶ್ಯೆಯ ಪಾತ್ರಗಳು. 1946ರ ‘ಮಕಾದಾಂ’, 1948ರಲ್ಲಿ ಆಕೆಯ ಮೊದಲ ಗಂಡ ಇವ್ ಅಲೆಗ್ರೆ ನಿರ್ದೇಶಿಸಿದ ‘ದೆದೆ ದಾಂವೆರ್’, 1950ರಲ್ಲಿ ಮಾಕ್ಸ್ ಓಫುಲ್ಸನ ‘ಲಾ ರೋಂದ್’. ಇವುಗಳಲ್ಲಿ ಕೆಲವು ಇಂದು ನೀರಸವೆನಿಸುತ್ತವೆ. 1952ರಲ್ಲಿ ಜಾಕ್ ಬೆಕೆರ್ ನಿರ್ದೇಶಿಸಿದ ‘ಕಾಸ್ಕ್ ದೋರ್’ ಮಾತ್ರ ಬೇರೆಯೇ ಜಾತಿಯದು. ಇಲ್ಲಿಯೂ ಆಕೆ ಬೆಲ್‌ವಿಲ್ಲಿನ ಪುಂಡರ ಗುಂಪಿನ ಸೂಳೆಯೇ. ಆದರೆ ಪಶ್ಚಾತ್ತಾಪದಿಂದ ಕಣ್ಣೀರಿಡುವ, ಪ್ರೇಕ್ಷಕರ ಕರುಣೆ ಬೇಡುವ ಪತಿತೆಯಲ್ಲ. ತನಗೆ ಬೇಕಾದ ಗಂಡಸನ್ನು ತಾನೇ ಹೋಗಿ ಆರಿಸಿಕೊಳ್ಳುವವಳು. ಕೊನೆಯಲ್ಲಿ ಆ ಪ್ರಿಯನನ್ನು ನಸುಕಿನಲ್ಲಿ ಗಿಲೊಟಿನ್ ಯಂತ್ರಕ್ಕೆ ಕರೆದೊಯ್ಯುವಾಗ, ಸೆರೆಮನೆಯ ಅಂಗಳ ಕಾಣುವ ಎದುರುಮನೆಯ ಕಿಟಕಿಯಲ್ಲಿ ನಿಂತು ಆಕೆ ಕಡೆಯವರೆಗೂ ನೋಡುತ್ತಾಳೆ. ಕಿರಿಚುವುದಿಲ್ಲ, ಮುಖ ಮುಚ್ಚಿಕೊಳ್ಳುವುದಿಲ್ಲ. ಕತ್ತಿ ಬಿದ್ದಾಗ ತಲೆ ಬಾಗುತ್ತದೆ, ಅಷ್ಟೆ. ಈ ಸಂಯಮವೇ ಪ್ಯಾರಿಸ್ಸಿನವರಿಗೆ ಹಿಡಿಸದೆ ಹೋಯಿತೋ ಏನೋ, ಚಿತ್ರ ಅಲ್ಲಿ ಸೋತಿತು. ಇಂಗ್ಲೆಂಡಿನ ವಿಮರ್ಶಕರು ಕೊಂಡಾಡಿ, ಬ್ರಿಟಿಷ್ ಅಕಾಡೆಮಿಯ ಪ್ರಶಸ್ತಿಯನ್ನು ಆಕೆಗೆ ಕೊಟ್ಟರು. ಅಲ್ಲಿಂದ ಮರಳಿದ ಮೇಲೆಯೇ ಫ್ರೆಂಚರಿಗೆ ತಮ್ಮ ಸೊತ್ತಿನ ಬೆಲೆ ತಿಳಿದದ್ದು. ಇಂಥದು ನಮಗೇನೂ ಹೊಸ ಅನುಭವವಲ್ಲ.

ಅಷ್ಟರಲ್ಲಿ ಆಕೆಯ ಬಾಳಿನಲ್ಲಿ ಇವ್ ಮೋಂತಾಂ ಬಂದಿದ್ದ. 1949ರ ಆಗಸ್ಟಿನಲ್ಲಿ, ದಕ್ಷಿಣ ಫ್ರಾನ್ಸಿನ ಸಾಂ-ಪೋಲ್-ದ-ವಾಂಸ್ ಎಂಬ ಬೆಟ್ಟದ ಊರಿನಲ್ಲಿ ಭೇಟಿ. 1951ರ ಡಿಸೆಂಬರಿನಲ್ಲಿ ಮದುವೆ. ಮೋಂತಾಂ ಪ್ರಸಿದ್ಧ ಗಾಯಕ. ಅವನ ನಿಜವಾದ ಹೆಸರು ಈವೋ ಲೀವಿ. ಮುಸೊಲಿನಿಯ ಕಾಟಕ್ಕೆ ಹೆದರಿ ಇಟಲಿಯಿಂದ ಮಾರ್ಸೇಲ್ಸಿಗೆ ಓಡಿಬಂದ ಬಡ ಕುಟುಂಬದ ಹುಡುಗ. ಹೀಗೆ ಒಂದೇ ಮನೆಯಲ್ಲಿ, ಹುಟ್ಟುಹೆಸರನ್ನು ಗಡಿಯಾಚೆ ಬಿಟ್ಟುಬಂದ ಇಬ್ಬರು ಸೇರಿದರು. ಆಕೆ ಚಿತ್ರಗಳನ್ನು ಕಡಿಮೆ ಮಾಡಿ, ಅವನು ಹಾಡುವ ರಂಗಮಂದಿರಗಳ ಪಕ್ಕದ ಪರದೆಯ ಮರೆಯಲ್ಲಿ ರಾತ್ರಿಗಳನ್ನು ಕಳೆದಳು. ಹೀಗೆ ಮಾಡಿದ್ದು ಸರಿಯೇ ಎಂದು ಕೇಳುವವರಿದ್ದಾರೆ. ಆಕೆ ತಾನಾಗಿ ಒಪ್ಪಿಕೊಂಡ ಬದುಕು ಅದು. ಅದಕ್ಕೆ ನಾವು ಲೆಕ್ಕ ಕೇಳುವುದು ಉಚಿತವಲ್ಲ.

ಲೆಕ್ಕ ಕೇಳಬೇಕಾದದ್ದು ಇನ್ನೊಂದಿದೆ. ಗಂಡಹೆಂಡಿರಿಬ್ಬರೂ ಕಮ್ಯುನಿಸ್ಟ್ ಪಕ್ಷದ ಸದಸ್ಯರಾಗಿರಲಿಲ್ಲ, ಆದರೆ ಅದರ ನಂಬಿಕೆಯ ಸಹಪಥಿಕರಾಗಿದ್ದರು. 1954ರ ಕೊನೆಯಲ್ಲಿ, ಆರ್ಥರ್ ಮಿಲ್ಲರನ ಸೇಲಂ ಮಾಟಗಾತಿಯರ ನಾಟಕವನ್ನು ಪ್ಯಾರಿಸ್ಸಿನ ರಂಗಭೂಮಿಗೆ ತಂದಾಗ ಅದು ಅಮೆರಿಕದಲ್ಲಿ ನಡೆಯುತ್ತಿದ್ದ ಕಮ್ಯುನಿಸ್ಟ್ ಬೇಟೆಗೆ ಉತ್ತರವೆಂದೇ ಅವರು ಭಾವಿಸಿದ್ದರು. ಅದು ಸರಿಯಾದ ಮಾತೇ. ಆದರೆ 1956ರ ನವೆಂಬರಿನಲ್ಲಿ ಸೋವಿಯೆತ್ ಟ್ಯಾಂಕುಗಳು ಹಂಗರಿಯ ಬುಡಾಪೆಸ್ಟ್ ನಗರವನ್ನು ತುಳಿದವು. ಮರುತಿಂಗಳೇ ಮೋಂತಾಂ ಮಾಸ್ಕೋದಲ್ಲಿ ಹಾಡಬೇಕೆಂದು ಮೊದಲೇ ಗೊತ್ತಾಗಿತ್ತು. ಹೋಗಬೇಡಿ ಎಂದವರು ಎಷ್ಟೋ ಜನ. ಅವರು ಹೋದರು. ಅಲ್ಲಿ ಕ್ರುಶ್ಚೋವ್ ಮತ್ತಿತರ ನಾಯಕರು ಇವರನ್ನು ಊಟಕ್ಕೆ ಕರೆದರು. ಹಂಗರಿಯ ಬಗ್ಗೆ ತಮಗಾದ ನೋವನ್ನು ತಾವು ಅವರ ಮುಖಕ್ಕೇ ಹೇಳಿದೆವೆಂದು ಆಕೆ ಬರೆದಿದ್ದಾಳೆ. ಹೇಳಿರಬಹುದು. ಆದರೆ ಊಟದ ಮೇಜಿನ ಮಾತು ಊಟದ ಮೇಜಿನಲ್ಲೇ ಉಳಿಯಿತು. ಲೋಕ ಕಂಡದ್ದು ನಗುಮುಖದ ಛಾಯಾಚಿತ್ರಗಳನ್ನು. ಅದು ತಪ್ಪೆಂದು ನನ್ನ ಅಭಿಪ್ರಾಯ. ಆಕೆಗೂ ಅದು ಹಾಗೆಯೇ ಕಂಡಿರಬೇಕೆಂಬುದಕ್ಕೆ ಮುಂದಿನ ಒಂದು ಚಿತ್ರ ಸಾಕ್ಷಿ. ಅಲ್ಜೀರಿಯದ ಯುದ್ಧದ ವಿಷಯದಲ್ಲಿ ಮಾತ್ರ ಆಕೆ ಅಳುಕಲಿಲ್ಲ. ಆ ಯುದ್ಧದಲ್ಲಿ ಬಂದೂಕು ಹಿಡಿಯಲು ನಿರಾಕರಿಸುವ ಯುವಕರ ಹಕ್ಕನ್ನು ಎತ್ತಿಹಿಡಿದು 1960ರಲ್ಲಿ 121 ಮಂದಿ ಹೊರಡಿಸಿದ ಹೇಳಿಕೆಗೆ ಸಹಿ ಹಾಕಿದಳು. ಸರ್ಕಾರ ಸಹಿದಾರರಿಗೆ ತನ್ನ ಬಾನುಲಿ, ದೂರದರ್ಶನಗಳ ಬಾಗಿಲನ್ನು ಮುಚ್ಚಿತು.

ಈ ನಡುವೆ ಲೋಕಪ್ರಸಿದ್ಧಿ ಬಂದದ್ದು ಇಂಗ್ಲಿಷ್ ಚಿತ್ರವೊಂದರಿಂದ. 1959ರಲ್ಲಿ ತೆರೆಕಂಡ, ಜಾಕ್ ಕ್ಲೇಟನ್ ನಿರ್ದೇಶಿಸಿದ ‘ರೂಮ್ ಅಟ್ ದ ಟಾಪ್’. ಉತ್ತರ ಇಂಗ್ಲೆಂಡಿನ ಹೊಗೆಯ ಊರು. ಮೇಲೇರಲು ಹವಣಿಸುವ ತರುಣ. ಅವನನ್ನು ನಿಜವಾಗಿ ಪ್ರೀತಿಸುವ, ಅವನಿಗಿಂತ ಹಿರಿಯಳಾದ ವಿವಾಹಿತೆ ಆಲಿಸ್. ಅವನು ಸಾಹುಕಾರನ ಮಗಳನ್ನು ಆರಿಸಿಕೊಳ್ಳುತ್ತಾನೆ, ಆಲಿಸ್ ಸಾಯುತ್ತಾಳೆ. ಜಾನ್ ಬ್ರೇನ್ ಬರೆದ ಮೂಲ ಕಾದಂಬರಿಯಲ್ಲಿ ಆಲಿಸ್ ಇಂಗ್ಲಿಷ್ ಹೆಂಗಸು. ಸಿನ್ಯೋರೆಗಾಗಿ ಅವಳನ್ನು ಫ್ರೆಂಚಳನ್ನಾಗಿ ಮಾಡಿದರು. ನಟಿಗೆ ಆಗ 37. ಆ ವಯಸ್ಸಿನಲ್ಲಿ ತಾರೆಯರು ತಮ್ಮ ವಯಸ್ಸನ್ನು ಬಿಟ್ಟು ಬೇರೆಲ್ಲವನ್ನೂ ತೋರಿಸುತ್ತಾರೆ. ಈಕೆ ಕಣ್ಣಂಚಿನ ಗೆರೆಗಳನ್ನೇ ಪಾತ್ರಕ್ಕೆ ಬಂಡವಾಳ ಮಾಡಿದಳು. ಇದು ನನ್ನ ಕಡೆಯ ಪ್ರೀತಿ ಎಂಬುದನ್ನು ಸಂಭಾಷಣೆ ಹೇಳುವುದಕ್ಕೆ ಮೊದಲೇ ಆ ಗೆರೆಗಳು ಹೇಳಿಬಿಡುತ್ತವೆ. 1960ರ ಏಪ್ರಿಲಿನಲ್ಲಿ, ಎಲಿಜಬೆತ್ ಟೇಲರ್, ಆಡ್ರಿ ಹೆಪ್‌ಬರ್ನ್, ಕ್ಯಾಥರಿನ್ ಹೆಪ್‌ಬರ್ನ್, ಡೋರಿಸ್ ಡೇ ಅವರನ್ನೆಲ್ಲ ಹಿಂದಿಕ್ಕಿ ಆಕೆ ಆಸ್ಕರ್ ಪ್ರಶಸ್ತಿ ಪಡೆದಳು. ಕೆಲವೇ ವರ್ಷಗಳ ಹಿಂದೆ ಆಕೆಗೆ ಪ್ರವೇಶ ಕೊಡಲೂ ಸಿದ್ಧವಿಲ್ಲದಿದ್ದ ದೇಶವದು.

ಆ ಸಂಭ್ರಮದ ಹಿಂದೆಯೇ ಬಂದ ಅಪವಾದವನ್ನು ನಮ್ಮ ಓದುಗರೂ ಬಲ್ಲರು. ಹಾಲಿವುಡ್ಡಿನಲ್ಲಿ ಮೆರಿಲಿನ್ ಮನ್ರೋ ಜೊತೆ ಮೋಂತಾಂ ನಟಿಸುತ್ತಿದ್ದ. ಮನ್ರೋ ಮತ್ತು ಅವಳ ಗಂಡ ಮಿಲ್ಲರ್ ಪಕ್ಕದ ಬಿಡಾರದಲ್ಲೇ ಇದ್ದರು. ಹೆಂಗಸರಿಬ್ಬರೂ ಒಟ್ಟಿಗೆ ಕುಳಿತು ಕೂದಲಿಗೆ ಬಣ್ಣ ಹಾಕಿಸಿಕೊಳ್ಳುತ್ತ ಹರಟುತ್ತಿದ್ದರು. ಸಿಮೋನ್ ಚಿತ್ರೀಕರಣಕ್ಕಾಗಿ ಯುರೋಪಿಗೆ ಮರಳಿದಳು. ಉಳಿದದ್ದನ್ನು ಪತ್ರಿಕೆಗಳು ತಿಂಗಳುಗಟ್ಟಲೆ ಜಗಿದವು. ಆಕೆ ಏನನ್ನೂ ಹೇಳಲಿಲ್ಲ. ಹದಿನೈದು ವರ್ಷಗಳ ಮೇಲೆ ಬರೆದಾಗ, ತಾನು ಅವಳನ್ನು ದ್ವೇಷಿಸಲಿಲ್ಲವೆಂಬುದು ಆ ಹೆಣ್ಣಿಗೆ ತಿಳಿಯದೆಯೇ ಹೋಯಿತಲ್ಲ ಎಂದಷ್ಟೇ ಮರುಗಿದಳು. ಮನ್ರೋ 1962ರಲ್ಲಿ ತೀರಿಕೊಂಡಿದ್ದಳು. ಈ ಪ್ರಸಂಗವನ್ನು ಇಷ್ಟಕ್ಕೇ ಬಿಡೋಣ.

ಇದಾದ ಮೇಲಿನ ವರ್ಷಗಳೇ ನನಗೆ ಮುಖ್ಯ. ಆಕೆ ಬಹು ಬೇಗ ಮುದುಕಿಯಾದಳು. ದುಃಖ, ಸಿಗರೇಟು, ಮದ್ಯ ಎಲ್ಲವೂ ಸೇರಿ ನಲವತ್ತೈದಕ್ಕೆ ಅರವತ್ತರ ಛಾಯೆ ಬಂತು. ಜನ ಮರುಗಿದರು, ಕೆಲವರು ಕುಹಕವಾಡಿದರು. ಮುಖಕ್ಕೆ ಕತ್ತರಿ ಹಾಕಿಸಿಕೊಳ್ಳುವುದಾಗಲಿ, ಮಸುಕಾದ ದೀಪದ ಮುಂದೆ ನಿಲ್ಲುವುದಾಗಲಿ ಆಕೆ ಮಾಡಲಿಲ್ಲ. ಫಲವಾಗಿ, ಆಕೆಯ ಸಮವಯಸ್ಕರಿಗೆ ಕೆಲಸ ನಿಂತುಹೋಗುವ ಕಾಲದಲ್ಲಿ ಆಕೆಯ ದೊಡ್ಡ ಪಾತ್ರಗಳು ಒಂದೊಂದಾಗಿ ಬಂದವು.

1969ರಲ್ಲಿ ಜಾಂ-ಪಿಯೇರ್ ಮೆಲ್ವಿಲ್ ತೆಗೆದ ‘ನೆರಳುಗಳ ಸೈನ್ಯ’ದಲ್ಲಿ ಆಕೆ ಮತೀಲ್ದ್ ಎಂಬ ಪ್ರತಿರೋಧ ಚಳವಳಿಯ ನಾಯಕಿ. ಈ ಪಾತ್ರದ ಹಿಂದೆ ಲೂಸಿ ಓಬ್ರಾಕಳ ನೆರಳಿದೆಯೆಂದು ಹೇಳುವುದುಂಟು. ವಾನ್ ಊರಿನ ಶಾಲೆಯ ವಿದ್ಯಾರ್ಥಿನಿ ತನ್ನ ಉಪಾಧ್ಯಾಯಿನಿಯ ಪಾತ್ರವನ್ನು ಧರಿಸಿದಂತಾಯಿತು. ಯುದ್ಧದ ದಿನಗಳಲ್ಲಿ ತಾನು ಮಾಡದೆ ಹೋದದ್ದನ್ನು ತೆರೆಯ ಮೇಲೆ ಮಾಡಿದಂತೆಯೂ ಆಯಿತು. ಮತೀಲ್ದಳ ಒಂದೇ ದೌರ್ಬಲ್ಯವೆಂದರೆ ಕೈಚೀಲದಲ್ಲಿಟ್ಟುಕೊಂಡ ಮಗಳ ಭಾವಚಿತ್ರ. ಅದು ಶತ್ರುಗಳ ಕೈಗೆ ಸಿಕ್ಕಿ, ಕಡೆಗೆ ಆಕೆಯ ಸಂಗಾತಿಗಳೇ ಬೀದಿಯಲ್ಲಿ ಆಕೆಯನ್ನು ಗುಂಡಿಟ್ಟು ಕೊಲ್ಲಬೇಕಾಗುತ್ತದೆ. ಕಾರಿನಲ್ಲಿ ಬಂದವರು ಯಾರೆಂದು ಕಂಡ ಗಳಿಗೆಯಲ್ಲಿ ಆಕೆಯ ಕಣ್ಣುಗಳಲ್ಲಿ ಇರುವುದು ಬೆರಗೋ, ಒಪ್ಪಿಗೆಯೋ, ಬೇಡಿಕೆಯೋ, ಹೇಳಲಾರೆ. ಆ ಚಿತ್ರವನ್ನು ಅಂದಿನ ಪ್ಯಾರಿಸ್ ವಿಮರ್ಶಕರು ಹಳಿದರು. ಅಮೆರಿಕದಲ್ಲಿ ಅದು ಮೊದಲ ಬಾರಿ ಬಿಡುಗಡೆಯಾದದ್ದು 2006ರಲ್ಲಿ.

ಮರುವರ್ಷವೇ ಬಂದ ‘ತಪ್ಪೊಪ್ಪಿಗೆ’ ನಾನು ಆಗ ಸಾಕ್ಷಿ ಎಂದು ಹೇಳಿದ ಚಿತ್ರ. ನಿರ್ದೇಶಕ ಕೋಸ್ತಾ-ಗಾವ್ರಾಸ್. 1952ರಲ್ಲಿ ಪ್ರಾಗ್ ನಗರದಲ್ಲಿ ನಡೆದ ಸುಳ್ಳು ವಿಚಾರಣೆಯಲ್ಲಿ ಸಿಕ್ಕಿ, ಮಾಡದ ತಪ್ಪನ್ನು ಒಪ್ಪಿಕೊಳ್ಳುವಂತೆ ಪೀಡಿಸಲ್ಪಟ್ಟ ಕಮ್ಯುನಿಸ್ಟ್ ಉಪಮಂತ್ರಿ ಆರ್ಥರ್ ಲಂಡನ್ನನ ನಿಜಜೀವನದ ಕಥೆ. ಲಂಡನ್ನನಾಗಿ ಮೋಂತಾಂ, ಹೆಂಡತಿಯಾಗಿ ಸಿನ್ಯೋರೆ. ಪಕ್ಷದ ಮೇಲಿನ ಶ್ರದ್ಧೆಯಿಂದ ಆ ಹೆಂಡತಿ ಗಂಡನನ್ನೇ ಅಪರಾಧಿಯೆಂದು ನಂಬಿಬಿಡುತ್ತಾಳೆ. 1956ರಲ್ಲಿ ಮಾಸ್ಕೋದಲ್ಲಿ ನಗುತ್ತ ನಿಂತಿದ್ದವರೇ ಈ ಪಾತ್ರಗಳನ್ನು ಆರಿಸಿಕೊಂಡದ್ದು. ಬೇರೆಯ ಯಾವ ಕ್ಷಮಾಪಣೆಯ ಪತ್ರಕ್ಕಿಂತ ಇದು ತೂಕದ್ದೆಂದು ನಾನು ತಿಳಿಯುತ್ತೇನೆ.

ಇನ್ನು ‘ಬೆಕ್ಕು’. ಸಿಮೆನೋನನ ಕಾದಂಬರಿಯನ್ನು ಆಧರಿಸಿದ 1971ರ ಚಿತ್ರ. ಸುತ್ತಲ ಮನೆಗಳನ್ನೆಲ್ಲ ಕೆಡವುತ್ತಿರುವ ಉಪನಗರದಲ್ಲಿ ಒಂದು ಪುಟ್ಟ ಮನೆ. ಅದರೊಳಗೆ ಪರಸ್ಪರ ಮಾತುಬಿಟ್ಟ ಮುದಿ ದಂಪತಿಗಳು, ಜಾಂ ಗಾಬಾಂ ಮತ್ತು ಸಿನ್ಯೋರೆ. ಆಕೆ ಹಿಂದೆ ಸರ್ಕಸ್ಸಿನಲ್ಲಿ ಹಾರುತ್ತಿದ್ದವಳು, ಬಿದ್ದು ಕುಂಟಿಯಾದವಳು. ಗಂಡನ ಪ್ರೀತಿಯೆಲ್ಲ ಒಂದು ಬೆಕ್ಕಿಗೆ ಸಂದಿದೆ. ಹೊಟ್ಟೆಯುರಿಯಿಂದ ಆಕೆ ಆ ಬೆಕ್ಕನ್ನು ಕೊಲ್ಲುತ್ತಾಳೆ. ಹೇಳುವಾಗ ಕಥೆ ಇಷ್ಟೇ. ನೋಡುವಾಗ, ಊಟದ ತಟ್ಟೆಯನ್ನು ಎತ್ತಿ ಇಡುವ ಒಂದು ಸದ್ದಿಗೂ ಮೈ ನಡುಗುತ್ತದೆ. ಬರ್ಲಿನ್ ಚಿತ್ರೋತ್ಸವ ಇಬ್ಬರಿಗೂ ಪ್ರಶಸ್ತಿ ಕೊಟ್ಟಿತು. ನಟಿಗೆ ಆಗ ಐವತ್ತು. ನಮ್ಮಲ್ಲಿ ಆ ವಯಸ್ಸಿನ ನಟಿಗೆ ತಾಯಿಯ ಪಾತ್ರವನ್ನು ಬಿಟ್ಟರೆ ಬೇರೆ ಏನಿತ್ತು?

ಮೊದಲು ಹೇಳಿದ ‘ಮದಾಮ್ ರೋಸಾ’ಗೆ ಈಗ ಮರಳಬೇಕು. ಚಿತ್ರ 1977ರದು, ನಿರ್ದೇಶಕ ಮೋಶೆ ಮಿಜ್ರಾಹಿ. ಮೂಲ ಕಾದಂಬರಿಗೆ 1975ರಲ್ಲಿ ಗೊಂಕೂರ್ ಪ್ರಶಸ್ತಿ ಬಂದಿತ್ತು. ಲೇಖಕ ಎಮಿಲ್ ಅಜಾರ್ ಎಂಬ ಅಪರಿಚಿತ. ಆ ಅಜಾರ್ ಬೇರಾರೂ ಅಲ್ಲ, ಅದೇ ಪ್ರಶಸ್ತಿಯನ್ನು ಹಿಂದೊಮ್ಮೆ ಪಡೆದಿದ್ದ ಪ್ರಸಿದ್ಧ ಲೇಖಕ ರೊಮೆಂ ಗಾರಿ ಎಂಬುದು ಹೊರಬಿದ್ದದ್ದು, 1980ರಲ್ಲಿ ಆತ ತನ್ನನ್ನು ತಾನು ಕೊಂದುಕೊಂಡ ಮೇಲೆ. ರೊಮೆಂ ಗಾರಿ ಎಂಬುದೂ ಹುಟ್ಟುಹೆಸರಲ್ಲ. ಆತ ವಿಲ್ನಾ ಪಟ್ಟಣದ ಯಹೂದಿ ಹುಡುಗ, ರೊಮಾನ್ ಕಾತ್ಸೆವ್.

ಮದಾಮ್ ರೋಸಾ ಹಳೆಯ ವೇಶ್ಯೆ, ಪೋಲೆಂಡಿನ ಯಹೂದಿ, ಆಷ್‌ವಿಟ್ಸ್ ಯಾತನಾಶಿಬಿರದಿಂದ ಬದುಕಿ ಬಂದವಳು. ಬೆಲ್‌ವಿಲ್ಲಿನ ಆರನೆಯ ಅಂತಸ್ತಿನಲ್ಲಿ ಬೇರೆ ವೇಶ್ಯೆಯರ ಮಕ್ಕಳನ್ನು ಸಾಕುತ್ತಾಳೆ. ಅವರಲ್ಲಿ ಮೊಮೊ ಎಂಬ ಅರಬ ಹುಡುಗನಿದ್ದಾನೆ, ನಿಜನಾಮ ಮೊಹಮ್ಮದ್. ಮನಸ್ಸು ಕಂಗೆಟ್ಟಾಗ ನೋಡಿ ಸಮಾಧಾನ ತಂದುಕೊಳ್ಳಲೆಂದು ಆಕೆ ಮಂಚದ ಕೆಳಗೆ ಹಿಟ್ಲರನ ಪಟವೊಂದನ್ನು ಇಟ್ಟುಕೊಂಡಿದ್ದಳೆಂದು ಕಾದಂಬರಿಯಲ್ಲಿ ಬರುತ್ತದೆ. ಏನಿಲ್ಲದಿದ್ದರೂ ಆ ಒಂದು ಕಷ್ಟ ಮುಗಿಯಿತಲ್ಲ ಎಂದು. ಅದನ್ನು ಓದಿದಾಗ 1934ರ ಬಾನುಲಿಯಲ್ಲಿ ಹಿಟ್ಲರನಿಗೆ ಧ್ವನಿಯಾದ ಕಾಮಿಂಕೆರ್ ನನ್ನ ನೆನಪಿಗೆ ಬರದೆ ಇರಲಿಲ್ಲ.

ಚಿತ್ರದಲ್ಲೊಂದು ದೃಶ್ಯವಿದೆ. ಹನ್ನೊಂದು ವರ್ಷ ಹುಚ್ಚಾಸ್ಪತ್ರೆಯಲ್ಲಿದ್ದ ಮೊಮೊನ ತಂದೆ ಬಂದು ಮಗನನ್ನು ಕೇಳುತ್ತಾನೆ. ಹುಡುಗನನ್ನು ಬಿಟ್ಟುಕೊಡಲು ರೋಸಾಳಿಗೆ ಮನಸ್ಸಿಲ್ಲ. ಗಾಬರಿಯನ್ನು ನಟಿಸುತ್ತಾಳೆ: ಅಯ್ಯೋ, ಹೆಸರುಗಳಲ್ಲಿ ಏನೋ ಗೊಂದಲವಾಗಿ, ನಿಮ್ಮ ಮಗನನ್ನು ತಪ್ಪಿ ಯಹೂದಿಯಾಗಿ ಬೆಳೆಸಿಬಿಟ್ಟೆನಲ್ಲ! ಮುಸಲ್ಮಾನ ತಂದೆ ಆ ಆಘಾತಕ್ಕೆ ಅಲ್ಲೇ ಕುಸಿದು ಸಾಯುತ್ತಾನೆ. ಸಭಾಂಗಣದಲ್ಲಿ ಜನ ನಕ್ಕರು, ನಾನೂ ನಕ್ಕೆ. ಸಿನ್ಯೋರೆಯ ಮುಖದ ಮೇಲೆ ಮಾತ್ರ ನಗೆಯಿಲ್ಲ. ಹೆಸರೊಂದು ಅದಲುಬದಲಾದರೆ ಮನುಷ್ಯ ಸಾಯುತ್ತಾನೆ, ಬದುಕುತ್ತಾನೆ ಎಂಬುದನ್ನು ಇಪ್ಪತ್ತರ ವಯಸ್ಸಿನಲ್ಲಿ ಸ್ವತಃ ಕಂಡಿದ್ದ ಹೆಂಗಸು ಆ ಮಾತನ್ನಾಡುತ್ತಿದ್ದಳೆಂಬುದು ನನಗೆ ಹೊಳೆದದ್ದು ಬಹಳ ದಿನಗಳ ಮೇಲೆ. ಕಥೆಯ ಕೊನೆಯಲ್ಲಿ ರೋಸಾ, ಪೊಲೀಸರು ಬಂದರೆ ಅಡಗಿಕೊಳ್ಳಲೆಂದು ನೆಲಮಾಳಿಗೆಯಲ್ಲಿ ಗುಟ್ಟಾಗಿ ಸಜ್ಜುಗೊಳಿಸಿದ್ದ ಕೋಣೆಯಲ್ಲಿ ಸಾಯುತ್ತಾಳೆ. ಮೊಮೊ ಆ ದೇಹಕ್ಕೆ ಬಣ್ಣ ಹಚ್ಚುತ್ತ, ಅತ್ತರು ಸುರಿಯುತ್ತ ಪಕ್ಕದಲ್ಲೇ ಕುಳಿತಿರುತ್ತಾನೆ. ಚಿತ್ರಕ್ಕೆ ಶ್ರೇಷ್ಠ ವಿದೇಶೀ ಚಿತ್ರವೆಂದು ಆಸ್ಕರ್ ಬಂತು. ಆಕೆಗೆ ಫ್ರಾನ್ಸಿನ ಸೆಸಾರ್.

ಅದಕ್ಕೆ ಸ್ವಲ್ಪ ಮೊದಲು, 1976ರಲ್ಲಿ, ಆತ್ಮಕಥೆ ಪ್ರಕಟವಾಗಿತ್ತು. ‘ಹಳೆಯ ದಿನಗಳ ಹಂಬಲ ಈಗ ಮೊದಲಿನಂತಿಲ್ಲ’ ಎಂಬರ್ಥದ ಅದರ ತುಂಟ ಶೀರ್ಷಿಕೆ ನ್ಯೂಯಾರ್ಕಿನ ಗೋಡೆಯೊಂದರ ಮೇಲೆ ಯಾರೋ ಗೀಚಿದ್ದ ಮಾತು. ಓದುಗರು ಮುಗಿಬಿದ್ದರು. ಆದರೆ ಆಕೆ ಕಡೆಗೆ ಬರೆದದ್ದು ಕಾದಂಬರಿ: 1985ರ ‘ಅದ್ಯು ವೊಲೊದಿಯಾ’, ‘ಹೋಗಿ ಬಾ ವೊಲೊದಿಯಾ’. ಪೋಲೆಂಡಿನಿಂದಲೂ ಉಕ್ರೇನಿನಿಂದಲೂ ಓಡಿಬಂದ ಎರಡು ಯಹೂದಿ ಕುಟುಂಬಗಳು ಎರಡು ಯುದ್ಧಗಳ ನಡುವಿನ ಪ್ಯಾರಿಸ್ಸಿನಲ್ಲಿ ಹೊಲಿಗೆ, ತುಪ್ಪಳದ ಕೆಲಸ ಮಾಡುತ್ತ ಬದುಕುವ ಕಥೆ. ಅವರ ಮನೆಯಿರುವುದು ರ್ಯೂ ದ ಲಾ ಮಾರ್ ಬೀದಿಯಲ್ಲಿ. ಪ್ಯಾರಿಸ್ಸಿನ ನಕ್ಷೆ ತೆರೆದು ನೋಡಿದರೆ, ಆ ಬೀದಿ ಬೆಲ್‌ವಿಲ್ ಗುಡ್ಡದ ಇಳಿಜಾರಿನಲ್ಲಿದೆ. ‘ಕಾಸ್ಕ್ ದೋರ್’ ಚಿತ್ರ ತೆಗೆದ ಓಣಿಗಳಿಂದ ಅಲ್ಲಿಗೆ ನಡೆದೇ ಹೋಗಬಹುದು. ನ್ಯೂಯಿಯಲ್ಲಿ ಬೆಳೆದ ಕಾಮಿಂಕೆರರ ಮಗಳು, ತಂದೆಯ ಕಡೆಯ ಜನ ಬದುಕಿರಬಹುದಾಗಿದ್ದ ಮನೆಯನ್ನು ಅಲ್ಲಿ ಕಾಗದದ ಮೇಲೆ ಕಟ್ಟಿಕೊಂಡಳು. ಆಕೆ ಯಹೂದಿ ಧರ್ಮವನ್ನು ಆಚರಿಸಿದವಳಲ್ಲ, ಆ ಭಾಷೆ ಬಲ್ಲವಳಲ್ಲ. ಉಳಿದಿದ್ದದ್ದು ಯುದ್ಧದ ಚಳಿಗಾಲಗಳಲ್ಲಿ ಬಿಟ್ಟುಕೊಟ್ಟ ಒಂದು ಹೆಸರು ಮಾತ್ರ.

ಆ ಹೊತ್ತಿಗೆ ಆಕೆಯ ಕಣ್ಣು ಹೆಚ್ಚುಕಡಿಮೆ ಹೋಗಿತ್ತು. ಆದರೂ ದೂರದರ್ಶನದ ಚಿತ್ರಗಳಲ್ಲಿ ನಟಿಸುತ್ತಲೇ ಇದ್ದಳು. 1985ರ ಸೆಪ್ಟೆಂಬರ್ 30ರಂದು, ನಾರ್ಮಂಡಿಯ ಓತೂಯಿ ಗ್ರಾಮದ ತನ್ನ ಮನೆಯಲ್ಲಿ ಕ್ಯಾನ್ಸರಿನಿಂದ ತೀರಿಕೊಂಡಳು, ವಯಸ್ಸು 64. ಮೋಂತಾಂ ಆಗ ದಕ್ಷಿಣದಲ್ಲಿ ಚಿತ್ರೀಕರಣದಲ್ಲಿದ್ದ. 1991ರಲ್ಲಿ ಅವನು ತೀರಿಕೊಂಡಾಗ ಅದೇ ಗೋರಿಯಲ್ಲಿ ಮಣ್ಣುಮಾಡಿದರು. ಗೋರಿ ಪೇರ್ ಲಾಶೇಸ್ ಸ್ಮಶಾನದಲ್ಲಿದೆ. ಬೆಲ್‌ವಿಲ್ಲಿನಿಂದ ದಕ್ಷಿಣಕ್ಕೆ ಅರ್ಧ ಗಂಟೆಯ ನಡಿಗೆ.